ಜಾಮೀನು ನಿಂತವನು: ಒರೆಗಾನ್‌ಗೆ ದಾರಿ ಕಡಿದ ಒಬ್ಬ ಸರ್ವೇಯರ್‌ನ ಪ್ರಕರಣ

ಸಾರ್ವಜನಿಕ ಕೆಲಸಕ್ಕೆ ಇಳಿದವರು ಒಂದಲ್ಲ ಒಂದು ದಿನ ಬೇರೆಯವರ ಹೊಣೆ ಹೊರಬೇಕಾಗುತ್ತದೆ. "ನನ್ನನ್ನು ನಂಬಿ ಬನ್ನಿ" ಅನ್ನಬೇಕಾಗುತ್ತದೆ. ಇಲ್ಲವೇ "ಇವರಿಗೆ ನಾನಿದ್ದೇನೆ" ಎಂದು ಕಾಗದಕ್ಕೆ ಸಹಿ ಹಾಕಬೇಕಾಗುತ್ತದೆ. 19ನೇ ಶತಮಾನದ ಅಮೆರಿಕದಲ್ಲಿ ಬಾಳಿನುದ್ದಕ್ಕೂ ಇದನ್ನೇ ಮಾಡಿದ ಒಬ್ಬನ ಪ್ರಕರಣ ಇದು. ಕೆಲವು ಸಲ ಅವನ ಮಾತಿನಿಂದ ನೂರಾರು ಜನ ಕ್ಷೇಮವಾಗಿ ದಡ ಸೇರಿದರು. ಒಂದು ಸಲ ಅದೇ ಮಾತನ್ನು ನಂಬಿದವರು ಮಳೆಯಲ್ಲಿ, ಹಸಿವಿನಲ್ಲಿ ಸಿಕ್ಕಿಬಿದ್ದರು. ಮನುಷ್ಯ ಅವನೇ, ಪ್ರಾಮಾಣಿಕತೆಯೂ ಅದೇ. ಹಾಗಾದರೆ ಬದಲಾದದ್ದು ಏನು? ಅದನ್ನು ನೋಡಬೇಕು ಅಂತಲೇ ಇದನ್ನು ಬರೆಯುತ್ತಿದ್ದೇನೆ.

ಅವನ ಹೆಸರು ಬರೆದಿಲ್ಲ. ಅಮೆರಿಕದ ಪಶ್ಚಿಮ ಭಾಗದ ಚರಿತ್ರೆ ಓದಿದವರಿಗೆ ಯಾರೆಂದು ಗೊತ್ತಾಗಬಹುದು, ಪರವಾಗಿಲ್ಲ. ಆದರೆ ಆ ಹೆಸರಿಗೆ ಹೊಗಳಿಕೆಯೂ ಶಾಪವೂ ಎರಡೂ ಅಂಟಿಕೊಂಡಿವೆ. ಹೆಸರನ್ನು ಪಕ್ಕಕ್ಕಿಟ್ಟರೆ ನಿರ್ಧಾರಗಳು ಸರಿಯಾಗಿ ಕಾಣುತ್ತವೆ. ಕಸುಬಿನಿಂದ ಅವನು ಸರ್ವೇಯರ್, ಹಾಗೇ ಕರೆಯೋಣ. ಅವನ ಜೊತೆ ಹೊರಟ ಸಾಮಾನ್ಯ ಜನರ ಹೆಸರುಗಳನ್ನೂ ಬಿಟ್ಟಿದ್ದೇನೆ.

ಹಿನ್ನೆಲೆ

ಹುಟ್ಟಿದ್ದು 1811ರಲ್ಲಿ, ಕೆಂಟಕಿಯಲ್ಲಿ. ಹತ್ತು ವರ್ಷದವನಿದ್ದಾಗ ಮನೆಯವರು ಮಿಸೌರಿಗೆ ಬಂದು ನೆಲೆಸಿದರು. ಹುಡುಗನಿಗೆ ಓದಿನ ಹುಚ್ಚು. ಸೇಂಟ್ ಲೂಯಿಸ್ ನಗರದ ಸರ್ವೇ ಕಚೇರಿಯಲ್ಲಿ ಗುಮಾಸ್ತನಾಗಿ ಸೇರಿ, ಅಲ್ಲೇ ಅಳತೆಯ ಕೆಲಸ ಕಲಿತ. 1832ರಲ್ಲಿ ಮದುವೆಯಾಯಿತು. ಆಮೇಲೆ ಮಿಸೌರಿಯ ಓಸೇಜ್ ನದಿಯ ಸೀಮೆಯಲ್ಲಿ ಹೊಲ ಮಾಡಿಕೊಂಡು ಸುಮಾರು ಹನ್ನೆರಡು ವರ್ಷ ಬೇಸಾಯ ಮಾಡಿದ. ಅವನ ಇಬ್ಬರು ಅಣ್ಣಂದಿರೂ ಜೊತೆಗಿದ್ದರು.

ಅಷ್ಟು ವರ್ಷ ಕಟ್ಟಿದ ಬದುಕನ್ನು ಬಿಟ್ಟು ಯಾಕೆ ಹೊರಟರು? 1837ರಲ್ಲಿ ಅಮೆರಿಕದ ಬ್ಯಾಂಕುಗಳು ಕುಸಿದವು. ವರ್ಷಗಟ್ಟಲೆ ಬೆಳೆಗೆ ಬೆಲೆಯೇ ಇರಲಿಲ್ಲ. ಇನ್ನೊಂದು ಕಾರಣ ಗುಲಾಮಗಿರಿ. ಮಿಸೌರಿಯಲ್ಲಿ ಗುಲಾಮರನ್ನು ಇಟ್ಟುಕೊಂಡವರ ಕೈ ಮೇಲಾಗುತ್ತಿತ್ತು. ಇವನಿಗೆ ಆ ಪದ್ಧತಿ ಸೇರುತ್ತಿರಲಿಲ್ಲ. ದೂರದ ಪೆಸಿಫಿಕ್ ಕರಾವಳಿಯ ಒರೆಗಾನ್‌ನಲ್ಲಿ ನೆಲ ಸಿಗುತ್ತದೆ ಎಂಬ ಮಾತು ಊರೂರಲ್ಲಿ ಹರಡಿತ್ತು. 1843ರಲ್ಲಿ ಮೂವರು ಸಹೋದರರೂ ಹೆಂಡತಿ ಮಕ್ಕಳನ್ನು ಗಾಡಿಯಲ್ಲಿ ಕೂರಿಸಿಕೊಂಡು ಹೊರಟೇಬಿಟ್ಟರು.

ಆ ವರ್ಷ ಮಿಸೌರಿಯ ಇಂಡಿಪೆಂಡೆನ್ಸ್ ಹತ್ತಿರ ಸುಮಾರು 900 ಜನ ಸೇರಿದ್ದರು. 120ರಷ್ಟು ಗಾಡಿಗಳು, ಸಾವಿರಾರು ದನಗಳು. ಮುಂದಿರುವ ದಾರಿ ಹೆಚ್ಚುಕಡಿಮೆ 3,200 ಕಿಲೋಮೀಟರ್. ಅಷ್ಟು ದೊಡ್ಡ ಗುಂಪು ಗಾಡಿ ಕಟ್ಟಿಕೊಂಡು ಆ ಕಡೆ ಹೋದದ್ದು ಅದೇ ಮೊದಲು.

ದನದ ದಂಡು

ಜಗಳ ಶುರುವಾದದ್ದು ದನಗಳಿಂದ. ಹೆಚ್ಚು ದನ ಇಲ್ಲದವರು, "ನಿಮ್ಮ ಮಂದೆ ಕಾಯೋಕೆ ನಾವ್ಯಾಕೆ ರಾತ್ರಿ ನಿದ್ದೆ ಕೆಡಬೇಕು?" ಎಂದು ಕೇಳಿದರು. ದನ ಇದ್ದವರು, "ದಾಳಿಯ ಭಯ ಎಲ್ಲರಿಗೂ ಒಂದೇ ಅಲ್ವಾ?" ಎಂದರು. ಇಬ್ಬರ ಮಾತಿನಲ್ಲೂ ನ್ಯಾಯವಿತ್ತು. ಮೊದಲು ಆಯ್ಕೆಯಾದ ನಾಯಕ ಪೀಟರ್ ಬರ್ನೆಟ್ ಕೆಲವೇ ದಿನಗಳಲ್ಲಿ ರಾಜೀನಾಮೆ ಕೊಟ್ಟ. ಈತ ಮುಂದೆ ಕ್ಯಾಲಿಫೋರ್ನಿಯಾ ರಾಜ್ಯದ ಮೊದಲ ಗವರ್ನರ್ ಆದವನು. ಕೊನೆಗೆ ಗುಂಪನ್ನೇ ಎರಡು ಮಾಡಿದರು. ದನ ಕಡಿಮೆ ಇದ್ದವರು ಮುಂದೆ ಹೋದರು. ದನ ಜಾಸ್ತಿ ಇದ್ದವರು ಹಿಂದಿನ ದಂಡಿನಲ್ಲಿ ಉಳಿದರು. ಈ ದನದ ದಂಡಿಗೆ ನಾಯಕ ನಮ್ಮ ಸರ್ವೇಯರ್.

ಆಗ ಅವನಿಗೆ 31 ವರ್ಷ. ಕೈಕೆಳಗೆ 60 ಗಾಡಿಗಳು, ದನ ಕುದುರೆ ಎಲ್ಲ ಸೇರಿ ಐದು ಸಾವಿರದ ಹತ್ತಿರ. ಅವನು ಆ ದಂಡನ್ನು ಹೇಗೆ ನಡೆಸಿದ ಅನ್ನೋದನ್ನು ಸ್ವಲ್ಪ ನಿಧಾನವಾಗಿ ನೋಡಬೇಕು. ನನ್ನ ಮಟ್ಟಿಗೆ ಅವನ ಇಡೀ ಬಾಳಿನ ಅತ್ಯುತ್ತಮ ಕೆಲಸ ಇದೇ.

ಬೆಳಗಿನ ಜಾವ ನಾಲ್ಕಕ್ಕೆ ಕಾವಲಿನವರು ಬಂದೂಕು ಹಾರಿಸುತ್ತಿದ್ದರು. ಅದೇ ಎಚ್ಚರಿಕೆಯ ಗಂಟೆ. ಐದಕ್ಕೆ ದನ ಕಾಯುವವರು ಚದುರಿದ ಮಂದೆಯನ್ನು ಅಟ್ಟಿಕೊಂಡು ಬರಬೇಕು. ಆರರಿಂದ ಏಳರೊಳಗೆ ತಿಂಡಿ ಮುಗಿಸಿ, ಡೇರೆ ಕಿತ್ತು, ಸಾಮಾನು ಹೇರಿ, ನೊಗ ಕಟ್ಟಿರಬೇಕು. ಏಳಕ್ಕೆ ಕಹಳೆ. ಅಷ್ಟರಲ್ಲಿ ಸಿದ್ಧವಾಗದ ಗಾಡಿಗೆ ಆ ದಿನ ಕೊನೆಯ ಜಾಗ. ಕೊನೆಯ ಜಾಗ ಅಂದರೆ ಸುಮ್ನೆ ಅಲ್ಲ. ಮುಂದಿನ ಅಷ್ಟೂ ಗಾಡಿಗಳ ಧೂಳು ಬೆಳಗಿನಿಂದ ಸಂಜೆವರೆಗೆ ಮುಖಕ್ಕೆ ಬಡಿಯುತ್ತದೆ.

60 ಗಾಡಿಗಳನ್ನು ನಾಲ್ಕು ನಾಲ್ಕರಂತೆ 15 ತಂಡ ಮಾಡಿದ್ದರು. ಪ್ರತಿ ತಂಡಕ್ಕೂ ಮುಂದೆ ಹೋಗುವ ಸರದಿ. ಇವತ್ತು ಎಲ್ಲರಿಗಿಂತ ಮುಂದಿದ್ದ ತಂಡ ನಾಳೆ ಎಲ್ಲರಿಗಿಂತ ಹಿಂದೆ. ಹಣವಂತ, ಬಡವ, ನಾಯಕನ ನೆಂಟ ಅನ್ನುವ ಭೇದ ಇಲ್ಲ. ಸಂಜೆ ಗಾಡಿಗಳನ್ನೆಲ್ಲ ದೊಡ್ಡ ವೃತ್ತದಲ್ಲಿ ನಿಲ್ಲಿಸಿ, ಒಂದರ ಮೂಕಿಯನ್ನು ಇನ್ನೊಂದಕ್ಕೆ ಸರಪಳಿಯಿಂದ ಬಿಗಿದರೆ ಅದೇ ಕೋಟೆ. ಅಡ್ಡಗಲ ಸುಮಾರು ನೂರು ಗಜ.

ಒಂದು ಮಧ್ಯಾಹ್ನ ಪಂಚಾಯಿತಿ ಸೇರಿತು. ಊಟ ಮತ್ತು ಮಲಗುವ ಜಾಗ ಕೊಟ್ಟರೆ ಸಾಕು, ಒರೆಗಾನ್‌ವರೆಗೆ ದುಡಿಯುತ್ತೇನೆ ಎಂದು ಸೇರಿಕೊಂಡಿದ್ದ ಒಬ್ಬ ಯುವಕನಿಗೂ ಅವನ ಗಾಡಿಯ ಯಜಮಾನನಿಗೂ ಮನಸ್ತಾಪ ಬಂದಿತ್ತು. ಹಿರಿಯರು ಕೂತು ಇಬ್ಬರನ್ನೂ ಕೇಳಿ ತೀರ್ಪು ಕೊಡಬೇಕು. ಅಲ್ಲಿ ಪೊಲೀಸ್ ಇಲ್ಲ, ಕೋರ್ಟ್ ಇಲ್ಲ, ಜೈಲೂ ಇಲ್ಲ. ಆದರೂ ತೀರ್ಪಿಗೆ ಬೆಲೆ ಇತ್ತು. ಮರುದಿನವೂ ಅದೇ ಜನರ ಜೊತೆ ನಡೆಯಬೇಕಲ್ಲ. ಅದೇ ದಿನ ಒಂದು ಕುಟುಂಬದ ಹೆಣ್ಣುಮಗಳಿಗೆ ಹೆರಿಗೆ ನೋವು ಬಂತು. ಅವರ ಗಾಡಿಯನ್ನು ದಾರಿ ಪಕ್ಕಕ್ಕೆ ಬಿಟ್ಟು, ಜೊತೆಗಿದ್ದ ಮಿಷನರಿ ಡಾಕ್ಟರ್ ಮಾರ್ಕಸ್ ವಿಟ್‌ಮನ್ ಅವರನ್ನು ಅಲ್ಲೇ ಉಳಿಸಿ ದಂಡು ಮುಂದೆ ಹೋಯಿತು. ಸಂಜೆ ಆ ಗಾಡಿ ಬಂದು ಸೇರಿತು, ತಾಯಿ ಮಗು ಇಬ್ಬರೂ ಕ್ಷೇಮ. ಈ ವಿವರಗಳನ್ನೆಲ್ಲ ಸರ್ವೇಯರನೇ ಎಷ್ಟೋ ವರ್ಷದ ನಂತರ ಬರೆದಿಟ್ಟ.

ಇಲ್ಲಿ ಗಮನಿಸಬೇಕಾದದ್ದು ಇಷ್ಟು. ಅವನು ಕೊಟ್ಟ ಮಾತು ಆಯಾ ದಿನದ್ದು. ಇವತ್ತಿನ ನೀರು, ಇವತ್ತಿನ ಕಾವಲು, ಇವತ್ತಿನ ಸರದಿ. ತಪ್ಪಾದರೆ ಸಂಜೆಯೊಳಗೆ ಗೊತ್ತಾಗುತ್ತಿತ್ತು. ಸರಿಮಾಡಲು ಅವನು ಅಲ್ಲೇ ಇದ್ದ. ಅವನ ಹೆಂಡತಿ ಮಕ್ಕಳೂ ಅದೇ ಧೂಳಿನಲ್ಲಿದ್ದರು.

ನದಿ

ದಾರಿ ನಡುವಿನ ಫೋರ್ಟ್ ಹಾಲ್ ಎಂಬ ಠಾಣ್ಯದಲ್ಲಿದ್ದ ಬ್ರಿಟನ್ನಿನ ವ್ಯಾಪಾರಿ ಸಂಸ್ಥೆ ಹಡ್ಸನ್ಸ್ ಬೇ ಕಂಪನಿಯವರು "ಮುಂದೆ ಗಾಡಿ ಹೋಗುವುದಿಲ್ಲ, ಇಲ್ಲೇ ಬಿಟ್ಟುಬಿಡಿ" ಎಂದಿದ್ದರು. ವಿಟ್‌ಮನ್ "ಹೋಗುತ್ತದೆ" ಎಂದರು. ಹೋಯಿತು ಕೂಡ. ಬ್ಲೂ ಮೌಂಟನ್ಸ್ ಕಾಡಿನಲ್ಲಿ ಮರ ಕಡಿದು ದಾರಿ ಮಾಡಿಕೊಂಡು ಅಕ್ಟೋಬರ್ ಹೊತ್ತಿಗೆ ಕೊಲಂಬಿಯಾ ನದಿಯ ದಡದ ಫೋರ್ಟ್ ವಾಲಾ ವಾಲಾ ಮುಟ್ಟಿದರು. ಅಲ್ಲಿಂದಾಚೆಗೆ ಗಾಡಿ ದಾರಿ ಇರಲಿಲ್ಲ. ಗಾಡಿ, ದನ ಅಲ್ಲೇ ಬಿಟ್ಟರು. ನದಿಯಲ್ಲಿ ತೇಲಿ ಬಂದ ಮರದ ದಿಮ್ಮಿ ಸೀಳಿ ದೋಣಿ ಕಟ್ಟಿದರು.

ನವೆಂಬರ್ ಮೊದಲ ಭಾಗದಲ್ಲಿ, ದ ಡ್ಯಾಲ್ಸ್ ಎಂಬ ಜಾಗಕ್ಕಿಂತ ಸ್ವಲ್ಪ ಮೇಲೆ, ಒಂದು ದೋಣಿ ಸುಳಿಗೆ ಸಿಕ್ಕಿ ಮಗುಚಿತು. ಅದರಲ್ಲಿದ್ದ ಸರ್ವೇಯರನ ಮಗ, ಅವನ ಅಣ್ಣನ ಮಗ, ಜೊತೆಯಲ್ಲಿದ್ದ ಒಬ್ಬ ಮುದುಕ, ಮೂವರೂ ಮುಳುಗಿದರು. ಹುಡುಗರಿಬ್ಬರಿಗೂ ಹತ್ತರ ಆಸುಪಾಸಿನ ವಯಸ್ಸು. ಹೆತ್ತವರು ಇನ್ನೊಂದು ದೋಣಿಯಿಂದ ಇದನ್ನು ಕಣ್ಣಾರೆ ನೋಡಿದರು. ಗಂಡಸರು ಹುಟ್ಟು ಕೈಬಿಟ್ಟು ನೀರಿಗೆ ಹಾರಲು ಎದ್ದರು. ಆಗ ದೋಣಿಯಲ್ಲಿದ್ದ ತಾಯಿಯೊಬ್ಬಳು, ಹುಟ್ಟು ಬಿಟ್ಟರೆ ಎಲ್ಲರೂ ಹೋಗುತ್ತೇವೆ ಎಂದು ಕೂಗಿ ತಡೆದಳು. ದೋಣಿಯಲ್ಲಿ ಉಳಿದ ಮಕ್ಕಳಿದ್ದರು. ಅವರು ಹುಟ್ಟು ಹಾಕುತ್ತಲೇ ಹೋದರು. ಹುಡುಗರ ಹೆಣ ಸಿಗಲಿಲ್ಲ.

ಈ ನಾಡಿನಲ್ಲಿ ಉಳಿದರೆ, ಮುಂದೆ ಬರುವವರಿಗೆ ಈ ನದಿ ತಪ್ಪಿಸುವ ಬೇರೆ ದಾರಿ ಹುಡುಕಬೇಕು ಎಂದು ಸಹೋದರರು ಅವತ್ತೇ ತೀರ್ಮಾನಿಸಿದರು. ಮುಂದಿನ ಪ್ರಕರಣ ಅರ್ಥವಾಗಬೇಕಾದರೆ ಇದು ನೆನಪಿರಬೇಕು. ದಕ್ಷಿಣದ ದಾರಿ ಅವನಿಗೆ ಬರೀ ಸರ್ವೇ ಕೆಲಸ ಆಗಿರಲಿಲ್ಲ.

ಒಂದು ಸಾಲಿನ ರಾಜಿ

ಒರೆಗಾನ್‌ನ ವಿಲಾಮೆಟ್ ಕಣಿವೆಯಲ್ಲಿ ನೆಲೆಸಿ ಎರಡು ವರ್ಷ ತುಂಬುವ ಮೊದಲೇ, 1845ರಲ್ಲಿ, ಯಾಮ್‌ಹಿಲ್ ಭಾಗದ ಜನ ಅವನನ್ನು ಒರೆಗಾನ್‌ನ ತಾತ್ಕಾಲಿಕ ಸರ್ಕಾರದ ಶಾಸನ ಸಮಿತಿಗೆ ಆರಿಸಿದರು. ಆ ಸರ್ಕಾರದ ಸ್ಥಿತಿ ವಿಚಿತ್ರವಾಗಿತ್ತು. ಒರೆಗಾನ್ ಅಮೆರಿಕದ್ದೋ ಬ್ರಿಟನ್ನಿನದೋ ತೀರ್ಮಾನವಾಗಿರಲಿಲ್ಲ. ಎರಡೂ ದೇಶದವರು ಅಲ್ಲಿ ಇರಬಹುದಿತ್ತು. ಅಮೆರಿಕದಿಂದ ಬಂದ ವಲಸಿಗರು ತಮ್ಮಷ್ಟಕ್ಕೆ ಒಂದು ಸರ್ಕಾರ ಮಾಡಿಕೊಂಡಿದ್ದರು. ಆದರೆ ಅಲ್ಲಿ ದುಡ್ಡು, ಅಂಗಡಿ, ಉಗ್ರಾಣ, ದೋಣಿ ಎಲ್ಲ ಇದ್ದದ್ದು ಬ್ರಿಟನ್ನಿನ ಹಡ್ಸನ್ಸ್ ಬೇ ಕಂಪನಿಯ ಕೈಯಲ್ಲಿ. ಫೋರ್ಟ್ ವ್ಯಾಂಕೂವರ್‌ನಲ್ಲಿ ಕೂತಿದ್ದ ಕಂಪನಿಯ ಮುಖ್ಯಸ್ಥ ಡಾಕ್ಟರ್ ಜಾನ್ ಮೆಕ್‌ಲಾಫ್ಲಿನ್, ಹಸಿದು ಬಂದ ವಲಸಿಗರಿಗೆ ಸಾಲ ಕೊಟ್ಟು ಉಳಿಸಿದವರು. ಅವರೇ ಸೇರದ ಸರ್ಕಾರ ಎಂಥ ಸರ್ಕಾರ?

ಸರ್ವೇಯರ್ ಪ್ರಮಾಣವಚನದ ಮಾತುಗಳನ್ನು ಬದಲಿಸಿದ. ಅಮೆರಿಕದ ಪ್ರಜೆಯಾಗಿ ಇಲ್ಲವೇ ಬ್ರಿಟನ್ನಿನ ಪ್ರಜೆಯಾಗಿ ನನಗಿರುವ ಕರ್ತವ್ಯಕ್ಕೆ ಹೊಂದುವ ಮಟ್ಟಿಗೆ ಈ ಕಾನೂನುಗಳನ್ನು ಎತ್ತಿಹಿಡಿಯುತ್ತೇನೆ ಎಂಬ ಅರ್ಥ ಬರುವಂತೆ ಮಾಡಿದ. ಅಷ್ಟೇ. ಯಾರೂ ತಮ್ಮ ದೇಶ ಬಿಡಬೇಕಾಗಿಲ್ಲ. ಅಕ್ಕಪಕ್ಕ ಬದುಕುವ ಮಟ್ಟಿಗೆ ಒಂದೇ ಕಾನೂನು ಒಪ್ಪಿದರೆ ಸಾಕು. ಆ ಆಗಸ್ಟ್‌ನಲ್ಲಿ ಮೆಕ್‌ಲಾಫ್ಲಿನ್ ಒಪ್ಪಿಕೊಂಡರು. ವಲಸಿಗರಿಗೆ ಮಾರಿದ ಸಾಮಾನಿನ ಮೇಲೆ ಮಾತ್ರ ತೆರಿಗೆ ಕೊಡುತ್ತೇವೆ ಎಂದು ಕಂಪನಿ ಷರತ್ತು ಹಾಕಿತು, ಅದೂ ನಡೆಯಿತು. ಕಂಪನಿಯ ಕಡೆಯವರೊಬ್ಬರು ಸರ್ಕಾರದ ಖಜಾಂಚಿಯೂ ಆದರು. ಮರುವರ್ಷ, 1846ರ ಜೂನ್‌ನಲ್ಲಿ, ಎರಡು ದೇಶಗಳು 49ನೇ ಅಕ್ಷಾಂಶವನ್ನು ಗಡಿ ಎಂದು ಒಪ್ಪಿದವು. ಅಲ್ಲಿಯವರೆಗೆ ಒರೆಗಾನ್‌ನಲ್ಲಿ ರಕ್ತಪಾತ ಆಗದಂತೆ ನೋಡಿಕೊಂಡದ್ದರಲ್ಲಿ ಆ ಒಂದು ಸಾಲಿನ ಪಾಲೂ ಇದೆ.

ಅವನಿಗೆ ಇದು ಹೇಗೆ ಸಾಧ್ಯವಾಯಿತು? ನನಗನ್ನಿಸುವುದು, ಎದುರಿನವರು ಏನನ್ನು ಬಿಡಲಾರರು ಅನ್ನೋದನ್ನು ಅವನು ಮೊದಲು ನೋಡಿದ. ಅದನ್ನು ಕೇಳಲೇ ಇಲ್ಲ. ಉಳಿದದ್ದನ್ನು ಕೇಳಿದ.

ದಕ್ಷಿಣದ ದಾರಿ

1846ರ ಜೂನ್ 20ರಂದು 15 ಜನ ಕುದುರೆ ಏರಿ ವಿಲಾಮೆಟ್ ಕಣಿವೆಯಿಂದ ದಕ್ಷಿಣಕ್ಕೆ ಹೊರಟರು. ಸರ್ವೇಯರ್, ಅವನ ಒಬ್ಬ ಅಣ್ಣ, ಲೆವಿ ಸ್ಕಾಟ್ ಎಂಬ ಅನುಭವಿ, ಇನ್ನೂ ಕೆಲವರು. ಅಂಪ್‌ಕ್ವಾ ಕಮರಿ ದಾಟಿ, ರೋಗ್ ನದಿ ದಾಟಿ, ಬೆಟ್ಟ ಹತ್ತಿ ಇಳಿದು, ಕ್ಲಮತ್ ಸೀಮೆಯ ಸರೋವರಗಳ ಪಕ್ಕದಲ್ಲಿ ಹಾದು, ಈಗಿನ ನೆವಾಡಾದ ಬ್ಲ್ಯಾಕ್ ರಾಕ್ ಮರುಭೂಮಿ ದಾಟಿ ಹಂಬೋಲ್ಟ್ ನದಿ ಸೇರುವ ದಾರಿ. ಇದಕ್ಕೆ ಇನ್ನೊಂದು ಉದ್ದೇಶವೂ ಇತ್ತು. ಬ್ರಿಟನ್ ಜೊತೆ ಯುದ್ಧವಾದರೆ ಕೊಲಂಬಿಯಾ ನದಿಯ ದಾರಿ ಕಂಪನಿಯ ಕೈಯಲ್ಲಿರುತ್ತದೆ. ಆಗ ಜನ ಎಲ್ಲಿಂದ ಹೊರಗೆ ಹೋಗಬೇಕು? ಗಡಿಯ ಒಪ್ಪಂದ ಆಗಿದ್ದು ಅವರಿಗೆ ಗೊತ್ತಿರಲಿಲ್ಲ.

ಮರುಭೂಮಿಯಲ್ಲಿ ಅವರಿಗೆ ನೀರು ಸಿಕ್ಕ ರೀತಿ ಕೇಳಿ. ಒಣನೆಲದ ಮೇಲೆ ಮೊಲಗಳು ಓಡಾಡಿದ ಸಣ್ಣ ಸಣ್ಣ ಜಾಡುಗಳು ಎಲ್ಲ ಕಡೆಯಿಂದ ಒಂದೇ ಕಡೆಗೆ ಹೋಗುತ್ತಿದ್ದವು. ಅದನ್ನೇ ಹಿಡಿದು ಹೋದರು. ಅಲ್ಲೊಂದು ಗುಳಿ, ಅದರಲ್ಲಿ ಸ್ವಲ್ಪ ನೀರು. ಅಗೆದು ದೊಡ್ಡದು ಮಾಡಿ ಕುಡಿದರು. ಇವತ್ತಿಗೂ ಆ ಜಾಗಕ್ಕೆ ಮೊಲದ ಹೆಸರೇ ಇದೆ. ಸೊಗಸಾದ ಜಾಣತನ, ಒಪ್ಪಲೇಬೇಕು. ಆದರೆ 15 ಸವಾರರು ಮತ್ತು ಅವರ ಕುದುರೆಗಳಿಗೆ ಸಾಕಾದ ನೀರು ಗಾಡಿಗಟ್ಟಲೆ ಸಂಸಾರಗಳಿಗೂ ಅವರ ಎತ್ತುಗಳಿಗೂ ಸಾಕಾಗುತ್ತದೆಯೇ? ನನ್ನ ಓದಿನಲ್ಲಿ ಇಡೀ ಪ್ರಕರಣದ ಕೀಲು ಇಲ್ಲಿದೆ. ದಾರಿಯನ್ನು ಅವರು ಕುದುರೆಯಲ್ಲಿ ಪರೀಕ್ಷಿಸಿದರು, ಬೇಸಿಗೆಯಲ್ಲಿ ಪರೀಕ್ಷಿಸಿದರು. ಜನ ಬರಬೇಕಾಗಿದ್ದದ್ದು ಗಾಡಿಯಲ್ಲಿ, ಮಳೆಗಾಲದ ಬಾಗಿಲಿನಲ್ಲಿ.

ಆಗಸ್ಟ್‌ನಲ್ಲಿ ಸರ್ವೇಯರ್ ಕೆಲವರ ಜೊತೆ ಫೋರ್ಟ್ ಹಾಲ್‌ಗೆ ಬಂದ. ಪೂರ್ವದಿಂದ ಬಂದ ವಲಸಿಗರಿಗೆ ಹೊಸ ದಾರಿಯ ವಿಷಯ ಹೇಳಿದ. ಹತ್ತಿರದ್ದು, ಹುಲ್ಲು ನೀರು ಇದೆ, ಕೊಲಂಬಿಯಾದ ಅಪಾಯ ಇಲ್ಲ. ಮಗನನ್ನು ನದಿಗೆ ಕಳೆದುಕೊಂಡವನ ಮಾತಿನಲ್ಲಿ ಎಷ್ಟು ಬಲ ಇದ್ದಿರಬೇಕು, ಯೋಚಿಸಿ. ನೂರರ ಹತ್ತಿರ ಗಾಡಿಗಳು ಅವನ ಮಾತಿಗೆ ದಾರಿ ಬದಲಿಸಿದವು.

ಇಲ್ಲಿ ಅವನು ಇನ್ನೊಂದು ನಿರ್ಧಾರ ಮಾಡಿದ. ಗಾಡಿಗಳಿಗೆ ದಾರಿ ತೋರಿಸಲು ಲೆವಿ ಸ್ಕಾಟ್ ಮತ್ತು ಇನ್ನೊಬ್ಬರನ್ನು ಬಿಟ್ಟು, ತಾನು ಕೆಲವು ಯುವಕರನ್ನು ಕರೆದುಕೊಂಡು ಮರ ಕಡಿದು ದಾರಿ ಮಾಡಲು ಮುಂದೆ ಹೋದ. ಅವನ ವಾದ ಸರಳ. ದಾರಿ ತೆರೆಯದಿದ್ದರೆ ಗಾಡಿ ಬಂದು ಏನು ಮಾಡುತ್ತವೆ? ಆದರೆ ಅವನ ಜೊತೆ ಹೋದವರು ಕಡಿಮೆ, ಕೆಲಸ ಬೆಟ್ಟದಷ್ಟು. ಹಿಂದೆ ಗಾಡಿಗಳು ಚದುರಿಹೋದವು. ಮರುಭೂಮಿಯಲ್ಲಿ ಎತ್ತುಗಳು ಬಿದ್ದವು. ತಮ್ಮ ನೆಲಕ್ಕೆ ನುಗ್ಗಿದವರ ದನಗಳ ಮೇಲೆ ಅಲ್ಲಿನ ಮೂಲನಿವಾಸಿಗಳು ಬಾಣ ಬಿಟ್ಟರು. ಹಳೆಯ ದಾರಿ ಹಿಡಿದವರು ಶರತ್ಕಾಲದಲ್ಲೇ ವಿಲಾಮೆಟ್ ಸೇರಿದರು. ಇವರು ಇನ್ನೂ ಅಂಪ್‌ಕ್ವಾ ಕಮರಿಯಲ್ಲಿದ್ದಾಗ ಮಳೆ ಹಿಡಿಯಿತು.

ಆ ಕಮರಿ ಸುಮಾರು 19 ಕಿಲೋಮೀಟರ್ ಉದ್ದ. ಎರಡೂ ಕಡೆ ಕಡಿದಾದ ಬೆಟ್ಟ. ಮಧ್ಯದ ತೊರೆಯೇ ದಾರಿ. ಹಿಮದಂಥ ನೀರಿನಲ್ಲಿ ಗಾಡಿಗಳು ಮುರಿದವು. ಎತ್ತು ಸತ್ತವು. ಜನರೂ ಸತ್ತರು. ಹಾಸಿಗೆ, ಪಾತ್ರೆ, ಪುಸ್ತಕ ಎಲ್ಲ ತೊರೆಯಲ್ಲೇ ಬಿಟ್ಟು ಮೈಮೇಲಿನ ಬಟ್ಟೆಯಲ್ಲಿ ಹೊರಗೆ ಬಂದವರಿದ್ದರು.

ಅವರಲ್ಲಿ 66 ವರ್ಷದ ಒಬ್ಬ ವಿಧವೆ ಇದ್ದಳು. ಗಾಡಿ ಹೋಯಿತು, ಉಳಿದದ್ದು ಕೂತಿದ್ದ ಕುದುರೆ. ಜೊತೆಗೆ ಗಂಡನ ಅಣ್ಣ, 77 ವರ್ಷದ ಮುದುಕ, ಕುದುರೆಯ ಮೇಲೆ ಕೂರಲೂ ಆಗದಷ್ಟು ಕಾಯಿಲೆ. ಒಂದು ರಾತ್ರಿ ಮಳೆಯಲ್ಲಿ, ಸುತ್ತ ಯಾರೂ ಇಲ್ಲದ ಕಡೆ, ಆಕೆ ಗಾಡಿಯ ಮೇಲುಹೊದಿಕೆಯನ್ನೇ ಡೇರೆಯಂತೆ ಇಳಿಬಿಟ್ಟು ಅವನನ್ನು ಒಳಗೆ ಮಲಗಿಸಿ, ಬೆಳಗಿನವರೆಗೆ ಬದುಕುತ್ತಾನೋ ಇಲ್ಲವೋ ಎಂದು ಕಾದಳು. ಇಬ್ಬರೂ ಬದುಕಿದರು. ಕ್ರಿಸ್‌ಮಸ್ ದಿನ ಒರೆಗಾನ್‌ನ ಸೇಲಂನಲ್ಲಿ ಒಂದು ಮನೆಯ ಸೂರು ಕಂಡಳು. ಆಮೇಲೆ ಕೈಗವಸಿನ ಬೆರಳಿನಲ್ಲಿ ಏನೋ ಗಟ್ಟಿಯಾಗಿ ತಗುಲಿತು. ತೆಗೆದು ನೋಡಿದರೆ ಆರೂಕಾಲು ಸೆಂಟಿನ ಒಂದು ನಾಣ್ಯ. ಅದರಲ್ಲಿ ಸೂಜಿ ಕೊಂಡಳು. ಹಳೆ ಬಟ್ಟೆ ಕೊಟ್ಟು ಜಿಂಕೆ ಚರ್ಮ ತಗೊಂಡಳು. ಕೈಗವಸು ಹೊಲಿದು ಮಾರಿ ಬದುಕು ಕಟ್ಟಿಕೊಂಡಳು. ಮುಂದೆ ಆಕೆ ಅನಾಥ ಮಕ್ಕಳಿಗಾಗಿ ಬೇರೆಯವರ ಜೊತೆಗೂಡಿ ಕಟ್ಟಿದ ಶಾಲೆಯೇ ಬೆಳೆದು ಈಗಿನ ಪೆಸಿಫಿಕ್ ವಿಶ್ವವಿದ್ಯಾಲಯವಾಯಿತು. ಹೊಸ ದಾರಿಯ ಆಸೆ ಹುಟ್ಟಿಸಿದವನನ್ನು ಆಕೆ ತನ್ನ ಪತ್ರದಲ್ಲಿ ಕೆಟ್ಟ ಮನುಷ್ಯ ಎಂದೇ ಬರೆದಳು.

ವಿಲಾಮೆಟ್ ಜನ ಕುದುರೆ, ಹಿಟ್ಟು, ದನ ತೆಗೆದುಕೊಂಡು ಎದುರು ಹೋಗಿ ಸಿಕ್ಕಿಬಿದ್ದವರನ್ನು ಕರೆತಂದರು. ಆದರೆ ಸಿಟ್ಟು ಆರಲಿಲ್ಲ. ದಾರಿಯಲ್ಲಿ ಎಲ್ಲ ಕಳೆದುಕೊಂಡಿದ್ದ ಜೆಸ್ಸಿ ಕ್ವಿನ್ ಥಾರ್ನ್‌ಟನ್ ಎಂಬ ವಕೀಲರು 'ಒರೆಗಾನ್ ಸ್ಪೆಕ್ಟೇಟರ್' ಪತ್ರಿಕೆಯಲ್ಲಿ ಸರ್ವೇಯರನನ್ನು ಕಟುವಾಗಿ ಟೀಕಿಸಿದರು. ಇವನ ಕಡೆಯವರು ಅಷ್ಟೇ ಕಟುವಾಗಿ ಉತ್ತರಿಸಿದರು. ನೀವು ನಿಧಾನ ಮಾಡಿದಿರಿ, ಹೇಳಿದ್ದು ಕೇಳಲಿಲ್ಲ ಎಂಬ ಧಾಟಿ.

ಎರಡೂ ಕಡೆ ಸತ್ಯವಿದೆ. ಹಾಗಂತ ಅಲ್ಲಿಗೇ ಬಿಡಲಾರೆ. ಜನ ನಿಧಾನ ಮಾಡುತ್ತಾರೆ, ಕಾಯಿಲೆ ಬೀಳುತ್ತಾರೆ, ಚದುರುತ್ತಾರೆ ಅನ್ನೋದು ಅವನಿಗೆ ಚೆನ್ನಾಗಿ ಗೊತ್ತಿತ್ತು. ದನದ ದಂಡಿನ ನಿಯಮಗಳೆಲ್ಲ ಅದನ್ನು ನಂಬಿಯೇ ಮಾಡಿದವು. ಧೂಳಿನ ಶಿಕ್ಷೆ, ಸರದಿ, ಪಂಚಾಯಿತಿ, ಹೆರಿಗೆಗೆ ನಿಂತ ಗಾಡಿ, ಎಲ್ಲವೂ ಮನುಷ್ಯರ ಆ ಸ್ವಭಾವಕ್ಕೇ ಮಾಡಿಕೊಂಡ ಏರ್ಪಾಡು. ಫೋರ್ಟ್ ಹಾಲ್‌ನಲ್ಲಿ ಅಂಥ ಒಂದು ಏರ್ಪಾಡೂ ಇರಲಿಲ್ಲ. ಮಾತು ಕೊಟ್ಟಿದ್ದು ಮೂರು ತಿಂಗಳ ದಾರಿಗೆ. ಆ ಮೂರು ತಿಂಗಳು ಅವನು ಗಾಡಿಗಳ ನಡುವೆ ಇರಲಿಲ್ಲ.

1847ರಲ್ಲಿ ಲೆವಿ ಸ್ಕಾಟ್ ಅದೇ ದಾರಿಯಲ್ಲಿ ಮತ್ತೊಂದು ಗುಂಪನ್ನು ಕರೆತಂದರು. ದಾರಿ ಒಮ್ಮೆ ಗಾಡಿ ಕಂಡಿತ್ತು, ಜನರಿಗೂ ಮುಂದೇನಿದೆ ಎಂದು ಗೊತ್ತಿತ್ತು. ಹಿಂದಿನ ವರ್ಷದ ದುರಂತ ಮರುಕಳಿಸಲಿಲ್ಲ. 1848ರಲ್ಲಿ ಕ್ಯಾಲಿಫೋರ್ನಿಯಾದ ಚಿನ್ನದ ಸುದ್ದಿ ಬಂದಾಗ ಒರೆಗಾನ್ ಜನ ಗಾಡಿ ಕಟ್ಟಿಕೊಂಡು ಈ ದಾರಿಯಲ್ಲೇ ದಕ್ಷಿಣಕ್ಕೆ ಹೋದರು. ದಾರಿ ಸುಳ್ಳಲ್ಲ. ಅದು ತಯಾರಾಗುವ ಒಂದು ವರ್ಷ ಮೊದಲೇ ಜನರನ್ನು ಕರೆದದ್ದು ತಪ್ಪು.

ಸಹಿಗಳು

1847ರ ನವೆಂಬರ್‌ನಲ್ಲಿ ಕಯೂಸ್ ಎಂಬ ಮೂಲನಿವಾಸಿ ಜನ ವಿಟ್‌ಮನ್ ದಂಪತಿಯನ್ನೂ ಇನ್ನೂ ಕೆಲವರನ್ನೂ ಕೊಂದರು. ತಾತ್ಕಾಲಿಕ ಸರ್ಕಾರ ಯುದ್ಧ ಹೂಡಿತು, ಆದರೆ ಖಜಾನೆ ಖಾಲಿ. ಸಾಲ ಎತ್ತಲು ನೇಮಿಸಿದ ಮೂವರಲ್ಲಿ ಸರ್ವೇಯರ್ ಒಬ್ಬ. ಹಡ್ಸನ್ಸ್ ಬೇ ಕಂಪನಿಯ ಜೇಮ್ಸ್ ಡಗ್ಲಸ್ ಸರ್ಕಾರಕ್ಕೆ ಸಾಲ ಕೊಡುವುದಿಲ್ಲ ಎಂದರು. ಆಗ ಅವನೂ ಜೊತೆಯವರೂ ಸ್ವಂತ ಹೆಸರಿನಲ್ಲಿ ಜಾಮೀನು ನಿಂತರು, ಸೈನಿಕರಿಗೆ ಸಾಮಾನು ಸಿಕ್ಕಿತು. ಸರ್ಕಾರದ ಮಾತಿಗಿಂತ ಇವರ ಸಹಿಗೆ ಬೆಲೆ ಜಾಸ್ತಿ ಇತ್ತು.

ಆಮೇಲೆ ಅವನು ದಕ್ಷಿಣಕ್ಕೆ, ಅಂಪ್‌ಕ್ವಾ ಸೀಮೆಯ ಯಾನ್ಕಾಲಾಗೆ ಹೋಗಿ ನೆಲೆಸಿದ. ದೊಡ್ಡ ಮನೆ, ಪುಸ್ತಕ, ಜಾನುವಾರು. ರಾಜಕಾರಣಿಗಳು ಸಲಹೆ ಕೇಳಲು ಅಲ್ಲಿಗೇ ಬರುತ್ತಿದ್ದರು. 1857ರಲ್ಲಿ ಸೇಲಂನಲ್ಲಿ ಒರೆಗಾನ್‌ಗೆ ಸಂವಿಧಾನ ಬರೆಯುವ ಸಭೆ ಸೇರಿತು, 60 ಪ್ರತಿನಿಧಿಗಳು. ಗುಲಾಮಗಿರಿಯ ಚರ್ಚೆ ಈ ಸಭೆಗೆ ಬೇಡ ಎಂದು ಅವನು ನಿರ್ಣಯ ತಂದ, ಸೋತ. ಸಭೆ ಮುಗಿಯುವ ಮೊದಲೇ ಮನೆಗೆ ಹೊರಟುಹೋದ. ಆ ನವೆಂಬರ್‌ನಲ್ಲಿ ಜನ 7,727 ಮತಗಳಿಂದ ಗುಲಾಮಗಿರಿ ಬೇಡ ಎಂದರು, ಬೇಕು ಎಂದವರು 2,645. ಅದೇ ಜನ 8,640 ಮತ ಹಾಕಿ ಸ್ವತಂತ್ರ ಕಪ್ಪು ಜನರೂ ಇಲ್ಲಿಗೆ ಬರಬಾರದು ಎಂದರು, ವಿರೋಧಿಸಿದವರು 1,081 ಮಾತ್ರ. ಅವನು ಸಭೆಯಲ್ಲೇ ಉಳಿದಿದ್ದರೆ ಫಲಿತಾಂಶ ಬದಲಾಗುತ್ತಿತ್ತು ಅಂತ ನಾನು ಹೇಳಲಾರೆ. ಆದರೆ ಪ್ರಮಾಣವಚನದ ಒಂದು ಸಾಲಿಗಾಗಿ ಅಷ್ಟು ತಾಳ್ಮೆ ತೋರಿದವನು ಇಲ್ಲಿ ಎದ್ದು ಹೋದದ್ದು ನನಗೆ ನೋವು ತರುತ್ತದೆ.

ಅವನನ್ನು ಮುಳುಗಿಸಿದ್ದು ಇನ್ನೊಂದು ಸಹಿ. ರಾಜ್ಯದ ಒಬ್ಬ ಉನ್ನತ ಅಧಿಕಾರಿಗೆ, ಹಣದ ಲೆಕ್ಕ ನೋಡುವ ಹುದ್ದೆಯಲ್ಲಿದ್ದವನಿಗೆ, ಅವನು ಜಾಮೀನು ನಿಂತಿದ್ದ. ಆತನ ಲೆಕ್ಕದಲ್ಲಿ ಸರ್ಕಾರದ ಹಣ ಕಡಿಮೆ ಬಂತು. ರಾಜ್ಯ ಜಾಮೀನುದಾರರ ಬೆನ್ನು ಹತ್ತಿತು. ಯಾನ್ಕಾಲಾದ ಆಸ್ತಿ ಕೈಬಿಟ್ಟಿತು. ಕಯೂಸ್ ಯುದ್ಧದ ಜಾಮೀನಿಗೂ ಇದಕ್ಕೂ ಇರುವ ವ್ಯತ್ಯಾಸ ನೋಡಿ. ಅಲ್ಲಿ ಸಾಮಾನು ಎಷ್ಟು, ಯಾವುದಕ್ಕೆ, ಎಲ್ಲಿಗೆ ಹೋಗುತ್ತದೆ ಅನ್ನೋದು ಸಹಿ ಹಾಕಿದವನಿಗೇ ಗೊತ್ತಿತ್ತು. ಇಲ್ಲಿ ಇನ್ನೊಬ್ಬನ ಕಚೇರಿ, ಇನ್ನೊಬ್ಬನ ಕೈಯ ಪುಸ್ತಕ. ಫೋರ್ಟ್ ಹಾಲ್‌ನಲ್ಲಿ ಆದದ್ದೂ ಇದೇ ಜಾತಿಯ ತಪ್ಪು. ಅಲ್ಲಿ ಬೆಲೆ ಕೊಟ್ಟವರು ಬೇರೆಯವರು, ಇಲ್ಲಿ ಅವನೇ ಕೊಟ್ಟ.

ಕೇಳದೇ ಉಳಿದವರು

ಇದುವರೆಗೆ ಹೇಳಿದ್ದರಲ್ಲಿ ಒಂದು ಕಡೆಯವರ ಮಾತು ಬಂದೇ ಇಲ್ಲ. ವಿಲಾಮೆಟ್ ಮತ್ತು ಯಾನ್ಕಾಲಾ ಕಲಾಪೂಯ ಎಂಬ ಮೂಲನಿವಾಸಿ ಜನರ ನೆಲ. ವಲಸಿಗರು ಬರುವ ಮೊದಲೇ, 1830ರ ದಶಕದ ಆರಂಭದಲ್ಲಿ, ಮಲೇರಿಯಾ ಅವರಲ್ಲಿ ಬಹುಪಾಲು ಜನರನ್ನು ಬಲಿ ತೆಗೆದುಕೊಂಡಿತ್ತು. 1856ರಲ್ಲಿ ಉಳಿದವರನ್ನು ಗ್ರ್ಯಾಂಡ್ ರಾಂಡ್ ಮೀಸಲು ಪ್ರದೇಶಕ್ಕೆ ಅಟ್ಟಿದರು. ಯಾನ್ಕಾಲಾದ ಮುಖ್ಯಸ್ಥ ಹೇಲೋ ಮಾತ್ರ ಹೋಗಲು ಒಪ್ಪಲಿಲ್ಲ. ಸರ್ವೇಯರನ ಮನೆತನ ಅವನ ಪರ ನಿಂತಿತು, ಹೇಲೋ ತನ್ನ ಊರಲ್ಲೇ ಉಳಿದ. ಇದನ್ನು ಹೇಳಬೇಕು. ಅದರ ಜೊತೆಗೆ, ಆ ಮನೆತನದ ಹೊಲಗಳು ಇದ್ದದ್ದು ಹೇಲೋನ ಜನರ ನೆಲದ ಮೇಲೆ ಅನ್ನೋದನ್ನೂ ಹೇಳಬೇಕು.

ಆಸ್ತಿ ಹೋದ ಮೇಲೆ ಸರ್ವೇಯರ್ ಗಡಿಯಾಚೆ ಕ್ಯಾಲಿಫೋರ್ನಿಯಾದ ಕ್ಲಿಯರ್ ಲೇಕ್ ಹತ್ತಿರ ಇನ್ನೊಬ್ಬರ ಜಾನುವಾರು ನೋಡಿಕೊಳ್ಳಲು ಹೋದ. ಅದು ಮೋಡಾಕ್ ಜನರ ಸೀಮೆ. ಅವನೇ ಹುಡುಕಿದ ದಕ್ಷಿಣದ ದಾರಿ ಹಾದುಹೋಗಿದ್ದು ಅದರ ನಡುವೆ. ಆ ದಾರಿಯಲ್ಲಿ ವಲಸಿಗರು ಬಂದರು, ಎರಡೂ ಕಡೆ ಕೊಲೆಗಳಾದವು, ಆಮೇಲೆ ನೆಲಕ್ಕೆ ಬೇಲಿ ಬಿತ್ತು. 1864ರ ಒಪ್ಪಂದದಲ್ಲಿ ಮೋಡಾಕ್ ಜನರನ್ನು ಕ್ಲಮತ್ ಜನರ ಜೊತೆ ಒಂದೇ ಮೀಸಲು ಪ್ರದೇಶಕ್ಕೆ ಸೇರಿಸಿದರು. ಅವರ ನಾಯಕ ಕಿಂಟ್‌ಪುವಾಶ್ ತನ್ನವರನ್ನು ಕರೆದುಕೊಂಡು ಲಾಸ್ಟ್ ರಿವರ್ ದಡಕ್ಕೆ ವಾಪಸ್ ಬಂದ. 1872ರ ನವೆಂಬರ್‌ನಲ್ಲಿ ಸೈನ್ಯ ಅವರನ್ನು ಹಿಡಿದೊಯ್ಯಲು ಬಂತು. ಯುದ್ಧ ಶುರುವಾಯಿತು.

1873ರ ಜನವರಿಯಲ್ಲಿ ಲಾವಾ ಬಂಡೆಗಳ ನಡುವೆ ಅರವತ್ತಕ್ಕಿಂತ ಕಡಿಮೆ ಸಂಖ್ಯೆಯ ಮೋಡಾಕ್ ಯೋಧರು ನೂರಾರು ಸೈನಿಕರನ್ನು ಹಿಮ್ಮೆಟ್ಟಿಸಿದರು. ಆಗ ಸರ್ಕಾರ ಶಾಂತಿ ಮಾತುಕತೆಗೆ ಸಮಿತಿ ಮಾಡಿತು. ಸದಸ್ಯರಲ್ಲಿ ನಮ್ಮ ಸರ್ವೇಯರ್ ಒಬ್ಬ. ಕೆಲವೇ ವಾರಗಳಲ್ಲಿ ಅವನು ಬಿಟ್ಟುಬಂದ. ಅವನ ಅಣ್ಣನ ಮಕ್ಕಳು ಅಲ್ಲಿ ಸರ್ಕಾರಿ ಏಜೆಂಟರು, ಅವನೇ ಆ ನೆಲದ ಮೇಲಿನ ಜಾನುವಾರು ಮೇಸ್ತ್ರಿ. ಮೋಡಾಕ್ ಜನ ಅವನನ್ನು ಮಧ್ಯಸ್ಥ ಎಂದು ಹೇಗೆ ನಂಬಬೇಕು? ಏಪ್ರಿಲ್ 11ರಂದು ಮಾತುಕತೆಯ ಜಾಗದಲ್ಲೇ ಜನರಲ್ ಕ್ಯಾನ್‌ಬಿ ಮತ್ತು ಪಾದ್ರಿಯೊಬ್ಬರನ್ನು ಮೋಡಾಕ್ ನಾಯಕರು ಕೊಂದರು. ಅಕ್ಟೋಬರ್ 3ರಂದು ಕಿಂಟ್‌ಪುವಾಶ್ ಸೇರಿ ನಾಲ್ವರನ್ನು ಗಲ್ಲಿಗೇರಿಸಿದರು. ಉಳಿದ ಸುಮಾರು 150 ಜನರನ್ನು ಈಗಿನ ಒಕ್ಲಹೋಮಾಗೆ ಸಾಗಿಸಿದರು.

ಸರ್ವೇಯರನ ಕೊನೆಯ ವರ್ಷಗಳು ಬೇಗ ಹೇಳಿ ಮುಗಿಸುತ್ತೇನೆ. 1881ರಲ್ಲಿ ಹೆಂಡತಿ ತೀರಿಕೊಂಡಳು. ಅವನ ಮನಸ್ಸಿನ ಸ್ಥಿಮಿತ ತಪ್ಪಿತು. ಸೇಲಂನ ಮಾನಸಿಕ ಆಸ್ಪತ್ರೆಯಲ್ಲಿ ಸ್ವಲ್ಪ ಕಾಲ ಇದ್ದ. 1888ರ ಏಪ್ರಿಲ್‌ನಲ್ಲಿ ಯಾನ್ಕಾಲಾದಲ್ಲಿ ತೀರಿಕೊಂಡ, ಹೆಂಡತಿಯ ಪಕ್ಕದಲ್ಲೇ ಮಣ್ಣು ಮಾಡಿದರು. ಬದುಕಿದ್ದಾಗ ಫೋಟೋ ತೆಗೆಸಿಕೊಳ್ಳಲು ಒಪ್ಪದ ಮನುಷ್ಯ. ಈಗ ನೋಡಸಿಗುವ ಚಿತ್ರ ಅಣ್ಣನ ಮಗ ನೆನಪಿನಿಂದ ಬರೆದದ್ದು.

ಈ ಪ್ರಕರಣವನ್ನು ನಾಯಕತ್ವದ ಪಾಠವಾಗಿ ಓದುವವರು ಸಾಮಾನ್ಯವಾಗಿ ದನದ ದಂಡಿನಲ್ಲೋ ಅಂಪ್‌ಕ್ವಾ ಕಮರಿಯಲ್ಲೋ ನಿಲ್ಲುತ್ತಾರೆ. ನಾನು 1845ರ ಪ್ರಮಾಣವಚನಕ್ಕೆ ವಾಪಸ್ ಹೋಗುತ್ತೇನೆ. ಬ್ರಿಟಿಷರು ತಮ್ಮ ದೇಶನಿಷ್ಠೆ ಬಿಡಲಾರರು ಎಂದು ಅವನಿಗೆ ತಕ್ಷಣ ಕಂಡಿತು. ಅವರಿಗೆ ಜಾಗ ಮಾಡಿಕೊಟ್ಟು ಒಂದು ಸಾಲು ಬರೆದ. ಮರುವರ್ಷ ಮೋಡಾಕ್ ನೆಲದ ಮೇಲೆ ದಾರಿ ಗುರುತಿಸಿದಾಗ, ಈ ಜನ ಲಾಸ್ಟ್ ರಿವರ್ ಬಿಡಲಾರರು ಎಂದು ಯಾರೂ ಕೇಳಿ ತಿಳಿಯಲಿಲ್ಲ. ಮುಂದೆ ಕಿಂಟ್‌ಪುವಾಶ್ ಕೇಳಿದ್ದು ಆ ನದಿಯ ದಡದಲ್ಲಿ ತನ್ನವರಿಗೆ ಒಂದು ಸಣ್ಣ ಮೀಸಲು ಜಾಗ. ಅದನ್ನು ಕೊಡುವ ವಿಷಯ ಯುದ್ಧಕ್ಕೆ ಮೊದಲೇ ಅಧಿಕಾರಿಗಳ ನಡುವೆ ಚರ್ಚೆಗೂ ಬಂದಿತ್ತು. ಕೊಡಲಿಲ್ಲ.